ಸೆರಗಿನ ಮರಕುಟಿಗ

ಚೌಡವ್ವ ನೇಯ್ದ ಸೀರೆಯನ್ನು ಸಾವಕಾರ ಕೂಲಿ ಕೊಡದೆ ಹಿಂದಿರುಗಿಸಿದ್ದ. ಗಜೇಂದ್ರಗಡದ ಬಸ್‌ಸ್ಟ್ಯಾಂಡಿನಲ್ಲಿ ಅವಳೂ ಗಂಡ ಮುದಿಯಪ್ಪನೂ ಅದನ್ನೇ ಆಡುತ್ತಿದ್ದರು. ರೋಣದ ಬಸ್ಸು ಕಾಯುತ್ತಿದ್ದ ಫಕೀರವ್ವ ಕಿವಿಗೊಟ್ಟಳು.

“ಸೆರಗಿನ ಮರಕುಟಿಗ ನೆಟ್ಟಗ ನಿಂತೈತಂತ. ಗಿಣಿಯಂಗ ಕೊಂಬಿ ಮ್ಯಾಲೆ ಕುಂದ್ರಸು ಅಂದಾನ,” ಎಂದ ಮುದಿಯಪ್ಪ.

“ಅದು ಗಿಡದ ಬೊಡ್ಡಿ ಅವಚಿ ನಿಂದ್ರುವಂಥಾ ಹಕ್ಕಿ. ಕುಂತರ ಕುಟ್ಟೂದ್ಯಾವಾಗ?”

“ಜುಟ್ಟರ ಪೂರಾ ಕೆಂಪು ಮಾಡು.”

“ಕೆಂಪು ಜುಟ್ಟಿಂದು ತ್ವಾಟದ ದೊಡ್ಡ ಗಿಡದಾಗಿರತೈತಿ. ಇದು ನಮ್ಮ ಗುಡ್ಡದ ಜಾಲಿಯಾಗಿಂದು, ನೆತ್ತಿ ಹಳದಿ. ನೀವು ನೋಡಿಲ್ಲೇನ್ರಿ?”

“ನಾ ನೋಡೀನಿ. ಸಾವಕಾರ ನೋಡಿಲ್ಲಲ್ಲ! ಹಟ ಬಿಡು, ಹೇಳಿದಂಗ ಇನ್ನೊಂದು ನೇಯಿ.”

ಚೌಡವ್ವ ಸೀರೆಯನ್ನು ಬಗಲಿಗೇರಿಸಿ ಎದ್ದಳು.

“ನೇಯೂದಿಲ್ಲರಿ. ಅವನ್ನ ಗುಡ್ಡಕ್ಕ ಕರ್ಕೊಂಡು ಬರ್ರಿ. ಜಾಲಿಮುಳ್ಳಿನ ಮ್ಯಾಲೆ ಅವನ್ನೇ ಕುಂದ್ರಸ್ತೀನಿ.”

ಫಕೀರವ್ವ ನಗು ತಡೆಯುವುದರೊಳಗೆ ಚೌಡವ್ವ ಎದುರಿನ ಓಣಿಯ ತಿರುವು ದಾಟಿದ್ದಳು.