ಬಾರಿನಲ್ಲಿ ನುಡಿಸಿದ ಕೈ

ಒಳಗೆ ಪೀಠದಲ್ಲಿರುವ ವಿಠ್ಠಲನಿಗೆ ಮೊದಲು ಕೈಮುಗಿಯುತ್ತೇನೆ. ಈ ಸಭೆಯ ಅಧ್ಯಕ್ಷರೂ ನಮ್ಮ ಭಜನಾ ಮಂದಿರದ ಹಿರಿಯರೂ ಆದ ಲಿಂಗಪ್ಪಣ್ಣನವರೇ, ಕುಮಟೆಯಿಂದ ಬಿಡುವು ಮಾಡಿಕೊಂಡು ಬಂದ ಮುಖ್ಯ ಅತಿಥಿಗಳೇ, ಈ ಸೆಖೆಯಲ್ಲಿ ಶಾಲು ಹೊದ್ದು ಬೆವರುತ್ತಿರುವ ನನ್ನ ತಮ್ಮ ನಿತ್ಯಾನಂದನೇ, ಕೇರಿಯ ಅಕ್ಕತಂಗಿಯರೇ, ಕುರ್ಚಿ ಸಿಗದೆ ಚಪ್ಪರದ ಕಂಬಕ್ಕೆ ಒರಗಿ ನಿಂತವರೂ ಸೇರಿ ಎಲ್ಲ ಸಭಿಕರೇ,

ನಾನು ಮಾಸ್ತಮ್ಮ. ಇದೇ ಕೇರಿಯ ಶಾಲೆಯಲ್ಲಿ ಏಳನೆಯವರೆಗೆ ಓದಿದವಳು. ಹೊನ್ನಾವರ ಪೇಟೆಯಲ್ಲಿ ಮೀನು ಮಾರುವವಳು. ಸಪ್ತಾಹದ ಈ ಏಳು ದಿನ ಮಾತ್ರ ಬುಟ್ಟಿ ಮುಟ್ಟುವುದಿಲ್ಲ. ನನಗೆ ಭಜನೆ ಹೇಳಲು ಬರುತ್ತದೆ, ಭಾಷಣ ಬರುವುದಿಲ್ಲ. ಸಮಿತಿಯವರು, "ತಮ್ಮನ ಸಾಧನೆ ಬಗ್ಗೆ ಮನೆಯವರ ಪರವಾಗಿ ನಾಕು ಮಾತು ಹೇಳು, ಸಾಕು" ಎಂದರು. ವ್ರತದಲ್ಲಿದ್ದೇನೆ, ಸುಳ್ಳು ಹೇಳುವಂತಿಲ್ಲ. ಮಾತು ಎಲ್ಲಾದರೂ ಹೆಚ್ಚುಕಡಿಮೆಯಾದರೆ ಅದಕ್ಕೆ ವ್ರತವೇ ಕಾರಣ ಎಂದು ತಿಳಿಯಿರಿ.

ಕೊಂಕಣ ರೈಲು ಶುರುವಾದ ವರ್ಷ ನಿತ್ಯಾನಂದ ಮಡಗಾಂವಿಗೆ ಹೋದ. ಹೋಟೆಲಿನಲ್ಲಿ ತಟ್ಟೆ ತೊಳೆಯುವ ಕೆಲಸ. ಆ ಹೋಟೆಲಿನಲ್ಲಿ ಸಂಜೆ ವಾದ್ಯ ನುಡಿಸುವ ಮುದುಕರೊಬ್ಬರಿದ್ದರಂತೆ, ಅವರು ಇವನಿಗೆ ಕಲಿಸಿದರಂತೆ. ಚೌತಿಗೆ ಮನೆಗೆ ಬಂದಾಗ ಬೆನ್ನ ಮೇಲೆ ಉದ್ದದ ಕಪ್ಪು ಚೀಲ. ಬಿಚ್ಚಿದರೆ ಗಿಟಾರು, ಬೇಸ್ ಗಿಟಾರು ಅಂತೆ. ನಾಲ್ಕೇ ತಂತಿ, ಒಂದೊಂದೂ ಬಲೆಯ ಹುರಿಯಷ್ಟು ದಪ್ಪ. ಅಪ್ಪ ನೋಡಿದರು. "ಬಲೆ ಎಳಿಯೂ ಕೈಗೆ ಇದೆಂತಕಾ?" ಎಂದರು. ಇವನು ನುಡಿಸಿ ತೋರಿಸಿದ. ಕರೆಂಟಿಲ್ಲದೆ ಅದರ ದನಿ ಹೊರಡುವುದಿಲ್ಲವಂತೆ. ಗುಂಯ್ ಎಂದು ಗುಂಗುರು ಹುಳದ ಹಾಗೆ ಏನೋ ಕೇಳಿತು. ಅಪ್ಪ ಎದ್ದು ದೋಣಿಯ ಕಡೆ ನಡೆದರು.

ಮುಂದೆ ಮುಂಬೈಯ ರಾಕ್ ತಂಡ ಸೇರಿದ. ತಂಡದ ಹೆಸರು ಇಂಗ್ಲಿಷಿನಲ್ಲಿತ್ತು. ಅರ್ಥ ಕೇಳಿದರೆ ಸಮುದ್ರದ ಇಳಿತ ಎಂದ. ಸಭಿಕರೇ, ಸಮುದ್ರದ ಮಕ್ಕಳು ಯಾರಾದರೂ ಹೊಸ ಕೆಲಸಕ್ಕೆ ಇಳಿತ ಎಂದು ಹೆಸರಿಡುತ್ತಾರೆಯೇ? ಭರತ, ಉಬ್ಬರ ಎಂದಾದರೂ ಇಡಬಾರದಿತ್ತೇ? ಕೂದಲು ಹೆಗಲ ಮೇಲೆ ಬಂತು. ಅಂಗಿಯ ಮೇಲೆ ತಲೆಬುರುಡೆ ಬಂತು. ಆ ಅಂಗಿಯನ್ನು ನಾನು ಒಗೆದು, ಕೇರಿಯವರಿಗೆ ಕಾಣದ ಹಾಗೆ ಹಿತ್ತಲಲ್ಲಿ ಒಳಮೈ ಹೊರಗೆ ಮಾಡಿ ಒಣಗಿಸುತ್ತಿದ್ದೆ.

ಕುಮಟೆಯ ಗಣೇಶೋತ್ಸವದ ರಸಮಂಜರಿಗೆ ಅವನು ನುಡಿಸುತ್ತಾನೆ ಎಂದಾಗ ಗೆಳತಿ ಕಮಲಿಯ ಜೊತೆ ಹೋಗಿ, ತಲೆ ತುಂಬ ಸೆರಗು ಹೊದ್ದು ಹಿಂದಿನ ಸಾಲಿನಲ್ಲಿ ಕುಳಿತೆ. ಹಾಡುವವರು ಕೇಳಿದರು, ಡ್ರಮ್ಮು ಕೇಳಿತು, ನಮ್ಮವನದು ಕೇಳಲೇ ಇಲ್ಲ. ನನಗೆ ಸಮಾಧಾನವಾಯಿತು. ದೇವರು ದೊಡ್ಡವನು, ನಾಲ್ಕು ಜನರ ಎದುರು ನಮ್ಮ ಮರ್ಯಾದೆ ಉಳಿಯಿತು ಎಂದುಕೊಂಡೆ. ಬರುವಾಗ ಬಸ್ಸಿನಲ್ಲಿ ಅವನಿಗೆ ಅದನ್ನೇ ಹೇಳಿದೆ.

"ನಿಂದು ಕೇಳ್ಲೇ ಇಲ್ವಲಾ."

"ಕಾಲಿಗೆ ತಾಗ್ಲಿಲ್ವಾ ಅಕ್ಕ?"

"ಎಂತ ಕಾಲಿಗೆ?"

"ನೆಲ ನಡಗ್ತಿತ್ತಲಾ. ಅದು ನಂದೇ."

ಕಮಲಿ ಹಿಂದಿನ ಸೀಟಿನಿಂದ, "ಹೌದೇ ಮಾಸ್ತಿ, ನಾ ನಂಗೆ ವಾತ ಅಂದ್ಕಂಡಿದ್ದೆ" ಎಂದಳು. ಬಸ್ಸು ತುಂಬ ನಗು. ನಾನು ನಗಲಿಲ್ಲ.

ಮುಂಬೈಯ ಆ ತಂಡ ಆರೇಳು ವರ್ಷ ನಡೆಯಿತು, ಹಾಡುವವನು ದುಬೈಗೆ ಹೋದ, ಒಡೆಯಿತು. ಆದರೆ ಆ ಕಾಲದಲ್ಲೂ ಆಮೇಲೂ ಇವನು ಬೇರೆ ಬೇರೆ ಕಡೆ ನುಡಿಸುತ್ತಲೇ ಇದ್ದ. ಅದಕ್ಕೆ ಅವನು ಸೈಡ್ ಎನ್ನುತ್ತಾನೆ. ರಾಕ್ ಅಸಲು ಕೆಲಸ, ಉಳಿದದ್ದು ಸೈಡ್. ಊಟ ಹಾಕಿದ್ದೆಲ್ಲ ಸೈಡೇ. ಮುರ್ಡೇಶ್ವರದ ಹೋಟೆಲಿನಲ್ಲಿ ಪ್ರವಾಸಿಗರಿಗೆ ನುಡಿಸಿದ. ಗೋವೆಯ ಬಾರುಗಳಲ್ಲಿ ನುಡಿಸಿದ. ಕ್ರಿಸ್ಮಸ್ಸಿಗೆ ಇಗರ್ಜಿಯ ಹಾಡಿನವರ ಜೊತೆ ಕುಳಿತ. ಭಟ್ಕಳದ ಹತ್ತಿರದ ಜಾಲಿ ಊರಿನ ಮುಸ್ಲಿಂ ಗೆಳೆಯನೊಬ್ಬ ತಮ್ಮ ನವಾಯತಿ ಮಾತಿನಲ್ಲಿ ಹಾಡು ಕಟ್ಟಿದರೆ ಅದಕ್ಕೂ ನುಡಿಸಿದ. ನಮ್ಮ ಮಂದಿರದ ಭಜನೆಯ ಕ್ಯಾಸೆಟ್ ಇದೆಯಲ್ಲ, ದಿನಾ ಬೆಳಿಗ್ಗೆ ಮೈಕಿನಲ್ಲಿ ಹಾಕುತ್ತೀರಲ್ಲ, ಅದರ ತಳದಲ್ಲಿ ಗುಂಯ್ ಎನ್ನುವುದೂ ಇವನೇ. ಹೇಳಿರಲಿಲ್ಲ, ಈಗ ಹೇಳಿದೆ.

ಕಳೆದ ತಿಂಗಳು ಮುಂಬೈಯ ದೊಡ್ಡ ಉತ್ಸವದಲ್ಲಿ ಅವನು ನುಡಿಸಿದ ಫೋಟೋ ಪೇಪರಿನಲ್ಲಿ ಬಂತು. ಆಗ ಇವನು ನಮ್ಮ ಕೇರಿಯವನು ಎಂದು ಎಲ್ಲರಿಗೂ ನೆನಪಾಯಿತು. ಮಂದಿರಕ್ಕೆ ಮೈಕ್ ಸೆಟ್ ಕೊಟ್ಟ, ಸ್ವೀಕರಿಸಿದಿರಿ. ಸನ್ಮಾನ ಎಂದಿರಿ. ಬಹಳ ಸಂತೋಷ.

ಇಷ್ಟು ಹೇಳಿ ನಾನು ಕುಳಿತುಕೊಳ್ಳಬೇಕು. ಚೀಟಿಯಲ್ಲಿ ಕಮಲಿಯ ಮಗಳು ಬರೆದುಕೊಟ್ಟದ್ದೂ ಇಷ್ಟೇ.

ಆದರೆ ಸಭಿಕರೇ, ನನಗೆ ನಾಚಿಕೆಯಾಗುತ್ತಿದೆ. ಇಲ್ಲಿ ನಿಲ್ಲಲು ನಾಚಿಕೆಯಾಗುತ್ತಿದೆ. ತಲೆಬುರುಡೆಯ ಅಂಗಿಗೆ ಪಟ್ಟ ನಾಚಿಕೆ ಇದರ ಮುಂದೆ ಏನೂ ಅಲ್ಲ.

ಕುಮಟೆಯಿಂದ ಬಂದವರಿಗೆ ಗೊತ್ತಿರಲಿಕ್ಕಿಲ್ಲ, ಅವರಿಗಾಗಿ ಹೇಳುತ್ತೇನೆ. ಸಪ್ತಾಹ ಎಂದರೆ ಏಳು ಹಗಲು ಏಳು ರಾತ್ರಿ ಒಳಗೆ ನಾಮ ನಿಲ್ಲಬಾರದು. ಈಗಲೂ ಕೇಳುತ್ತಿದೆಯಲ್ಲ, ಹಾಗೆ. ಮನೆಮನೆಗೆ ಪಾಳಿ. ಒಂದು ಮನೆಯ ಪಾಳಿ ಮುಗಿಯುವಾಗ ಮುಂದಿನ ಮನೆಯವರು ಬಂದು ಎದುರಿಗೆ ಕೂರುತ್ತಾರೆ, ಎರಡೂ ಮನೆಯವರು ಒಂದೇ ನಾಮ ಹೇಳುತ್ತಾರೆ, ಹೇಳುತ್ತಿರುವಾಗಲೇ ತಾಳ ಇವರ ಕೈಯಿಂದ ಅವರ ಕೈಗೆ ಹೋಗುತ್ತದೆ. ತಾಳ ನೆಲಕ್ಕೆ ತಾಗಬಾರದು. ನಮ್ಮ ಮನೆಯ ಪಾಳಿಯಲ್ಲಿ ಅಪ್ಪ ಹಿಡಿಯುತ್ತಿದ್ದರು. ಅಪ್ಪ ಹೋದ ಮೇಲೆ, ತಮ್ಮನೂ ಊರಲ್ಲಿಲ್ಲ, ಗಂಡಸರಿಲ್ಲದ ಮನೆ ಎಂದು ನನಗೆ ಹಿಡಿಯಲು ಬಿಟ್ಟಿರಿ. ಗಂಡನನ್ನು ಸಮುದ್ರಕ್ಕೆ ಕೊಟ್ಟು ತವರಿಗೆ ಬಂದವಳಿಗೆ ಅದೊಂದು ದೊಡ್ಡ ಮಾನ. ಮರೆತಿಲ್ಲ.

ಸನ್ಮಾನದ ಸುದ್ದಿ ಹೇಳಿದಾಗ ನಿತ್ಯಾನಂದ ಗಂಜಿ ಉಣ್ಣುತ್ತಿದ್ದ. "ಶಾಲು ಬ್ಯಾಡ ಅಕ್ಕ. ಈ ಸಲ ಅಪ್ಪನ ತಾಳ ನಾ ಹಿಡೀಲಾ?" ಎಂದ. ಕೇಳಿದ್ದು ಅದೊಂದೇ. ಮೀನು ಬಿಟ್ಟ, ಚಾಪೆ ಮೇಲೆ ಮಲಗಿದ, ಕೂದಲೂ ತೆಗೆಸಿದ. ನೀವೇ ನೋಡುತ್ತಿದ್ದೀರಿ.

ಸಮಿತಿಯ ಸಭೆಗೆ ನಾನೇ ಹೋಗಿ ಕೇಳಿದೆ. ಲಿಂಗಪ್ಪಣ್ಣ, ನೀವು ಹೇಳಿದ್ದು ನನಗೆ ಬಾಯಿಪಾಠವಾಗಿದೆ. "ಶಾಲು ಹೊದಿಸ್ವ, ಹಾರ ಹಾಕ್ವ. ತಾಳ ಮಾತ್ರ ಬ್ಯಾಡ ಮಾಸ್ತಮ್ಮ. ಬಾರಲ್ಲಿ ನುಡ್ಸಿದ ಕೈ ಅದು. ಯಾರ್ಯಾರ ಸಂಗ್ತಿಗೆ ಎಲ್ಲೆಲ್ಲಿ ಕೂತದ್ದೋ." ಸುತ್ತ ಕುಳಿತವರು ಹೌದೆಂದು ತಲೆಯಾಡಿಸಿದರು. ನಾನು ಏನೆಂದೆ? "ಆತು" ಎಂದೆ. ಕೈಮುಗಿದು, ಕೊಟ್ಟ ಚಹಾ ಕುಡಿದು ಬಂದೆ.

ಮನೆಗೆ ಬಂದು ಇವನಿಗೆ ಹೇಳಿದೆ. ಬೈದಿದ್ದರೆ ಚೆನ್ನಾಗಿತ್ತು. "ಆತು ಬಿಡು ಅಕ್ಕ, ಹೊರಗೆ ಮೈಕಿನ ವಯರು ನೋಡ್ಕಂಡಿರ್ತೆ" ಎಂದ. ನಿನ್ನೆ ಸಪ್ತಾಹ ಶುರುವಾದಾಗಿನಿಂದ ಹಾಗೇ ಇದ್ದ. ವಿಠ್ಠಲನ ಹೆಸರು ಅವನ ಮೈಕಿನಿಂದ ಸಮುದ್ರದವರೆಗೆ ಹೋಗುತ್ತಿದೆ, ನೀವು ಶಾಲು ಹೊದಿಸಲು ಕರೆಯುವವರೆಗೂ ಅವನು ಮೆಟ್ಟಿಲ ಕೆಳಗೆ ವಯರು ಹಿಡಿದು ಕುಳಿತಿದ್ದ. ಮೈಕಿಗೆ ಮೈಲಿಗೆ ಇಲ್ಲ, ಕೈಗೆ ಮಾತ್ರ ಇದೆಯೇ? ನಮ್ಮ ದೋಣಿಗಳ ಗಂಡಸರಲ್ಲಿ ಬಾರಿನ ಮೆಟ್ಟಿಲು ಹತ್ತದವರು ಯಾರು? ಅವರ ಹೆಂಡಂದಿರೇ ಇಲ್ಲಿ ಕುಳಿತಿದ್ದಾರೆ, ಕೇಳುವುದು ಬೇಡ. ಇವನು ಅಲ್ಲಿ ಕುಡಿದವನಲ್ಲ, ಕೂಲಿ ಮಾಡಿದವನು. ದೇವರ ಎದುರು ಇಷ್ಟು ವರ್ಷ ಹಾಡಿದ ಬಾಯಿ ನನ್ನದು, ಆ ದಿನ ಅದರಿಂದ ಇಷ್ಟು ಮಾತು ಹೊರಡಲಿಲ್ಲ.

ಈಗ ಹೊರಟಿದೆ. ಲಿಂಗಪ್ಪಣ್ಣ, ನೀವು ನನಗಿಂತ ಹಿರಿಯರು, ಅಪ್ಪನ ಜೊತೆ ಬಲೆ ಎಳೆದವರು. ಈ ಸಭೆ ಮುಗಿದೊಡನೆ ನಿಮ್ಮ ಮನೆಯ ಪಾಳಿ. ಸಂಜೆ ದೀಪದ ಹೊತ್ತಿಗೆ ಅದು ಮುಗಿದು ನಮ್ಮ ಮನೆಯ ಪಾಳಿ. ತಾಳ ನಿಮ್ಮ ಕೈಯಲ್ಲಿರುತ್ತದೆ. ನಾನು ಎದುರಿಗೆ ಕೂರುತ್ತೇನೆ, ನಾಮ ಹೇಳುತ್ತೇನೆ, ಕೈ ಮಾತ್ರ ಒಡ್ಡುವುದಿಲ್ಲ. ನನ್ನ ಪಕ್ಕದಲ್ಲಿ ಇವನು ಕೂರುತ್ತಾನೆ. ಒಡ್ಡುವ ಕೈ ಇವನದು. ಕೊಡಲು ಮನಸ್ಸು ಬರದಿದ್ದರೆ ನೀವು ಹಾಡುತ್ತಲೇ ಇರಬೇಕಾಗುತ್ತದೆ. ನಿಮ್ಮ ಗಂಟಲು ಗಟ್ಟಿಯಿದೆ, ನನಗೆ ಗೊತ್ತು. ನಾನೂ ಎದ್ದು ಹೋಗುವವಳಲ್ಲ. ನಾಮ ನಿಲ್ಲದಿದ್ದರೆ ವಿಠ್ಠಲನಿಗೆ ನಷ್ಟವೇನೂ ಇಲ್ಲ.

ಇದನ್ನು ಸಮಿತಿಯ ಕೋಣೆಯಲ್ಲೇ ಹೇಳಬೇಕಿತ್ತು. ಮನೆಯ ಮಾತನ್ನು ಅತಿಥಿಗಳೆದುರು ಆಡಿದ್ದಕ್ಕೆ ತಪ್ಪಾಯಿತು ಎನ್ನುತ್ತೇನೆ. ಆಡಿದ ಮಾತಿಗೆ ಎನ್ನುವುದಿಲ್ಲ.

ಚಪ್ಪರ ಹಾಕಿದವರಿಗೆ, ಪಾನಕ ಮಾಡಿದ ತಂಗಿಯರಿಗೆ, ಇಷ್ಟು ಹೊತ್ತು ಮೈಕು ಬಂದ್ ಮಾಡದ ಸಮಿತಿಯವರಿಗೆ ಉಪಕಾರ ಸ್ಮರಣೆ. ನಿತ್ಯಾ, ತಲೆ ತಗ್ಗಿಸಿ ಕೂರಬೇಡ. ಶಾಲು ಮಡಿಸಿಟ್ಟು ಮನೆಗೆ ಹೋಗಿ ಸ್ನಾನ ಮಾಡಿ ಬಾ. ಬಚ್ಚಲಲ್ಲಿ ನೀರು ಕಾಯಿಸಿಟ್ಟಿದ್ದೇನೆ, ಪಂಚೆ ಹಗ್ಗದ ಮೇಲಿದೆ. ಎಲ್ಲರಿಗೂ ನಮಸ್ಕಾರ.