ಬೂದು, ಎಂಬತ್ತೊಂದು

ಮಾನ್ಯ ಅಧ್ಯಕ್ಷರೇ, ವೇದಿಕೆಯ ಮೇಲಿನ ಹಿರಿಯರೇ, ಮಡಿಚುವ ಕುರ್ಚಿಗಳಲ್ಲಿ ಸಹನೆಯಿಂದ ಕುಳಿತಿರುವ ಸಭಿಕರೇ,

ಕಾರ್ಟೂನು ಚಿತ್ರಗಳಿಗೆ ನಲವತ್ತು ವರ್ಷ ಬಣ್ಣ ತುಂಬಿದವಳು ನಾನು. ನಾವು ಹಾಳೆಯ ಹಿಂಬದಿಗೆ ಬಣ್ಣ ಹಚ್ಚುವವರು. ಹೀಗೆ ಮುಂದೆ ಬಂದು ನಿಂತು ಅಭ್ಯಾಸವಿಲ್ಲ. ಇಂದು ಟೋಕಿಯೋದ ಈ ಸಭಾಂಗಣದಲ್ಲಿ ಕರೆದು ಹೂಗುಚ್ಛ ಕೊಟ್ಟಿದ್ದೀರಿ. ಹೆಮ್ಮೆಯಾಗಿದೆ. ಇಲ್ಲವೆಂದು ವಿನಯ ನಟಿಸಲಾರೆ.

ನಮ್ಮ ‘ಉಪ್ಪಿನ ಟ್ರಾಮು’ ಚಿತ್ರ ಆಗ ಯಾರಿಗೆ ತಾನೇ ಅರ್ಥವಾಗಿತ್ತು? ಲೋಕ ಸುಟ್ಟುಹೋಗಿದೆ, ಕಡಲು ಬತ್ತಿದೆ, ಟ್ರಾಮಿನಲ್ಲಿ ಮೀನುಗಳು ಟಿಕೆಟ್ ಹರಿಯುತ್ತವೆ! ಬಣ್ಣದ ವಿಭಾಗದ ನಾವು ಹದಿನಾಲ್ಕು ಹೆಂಗಸರೂ ನಕ್ಕಿದ್ದೆವು. ಆದರೆ ಬತ್ತಿದ ಕಡಲಿನಲ್ಲಿ ಹುಡುಗಿ ಒಬ್ಬಳೇ ನಡೆಯುವ ದೃಶ್ಯವನ್ನು ಯಾರು ಮರೆತಿದ್ದೀರಿ? ಅವಳಿಗೆ ನೆರಳಿಲ್ಲ. ಅವಳು ಸತ್ತಿದ್ದಾಳೆ ಎಂದರು ಒಬ್ಬ ವಿಮರ್ಶಕರು. ಅದು ಕನಸು ಎಂದರು ಇನ್ನೊಬ್ಬರು.

ನಡೆದದ್ದು ಇಷ್ಟು. ಹುಡುಗಿಯನ್ನು ಒಂದು ಪಾರದರ್ಶಕ ಹಾಳೆಯಲ್ಲಿ, ನೆರಳನ್ನು ಇನ್ನೊಂದರಲ್ಲಿ ಬಿಡಿಸುತ್ತಿದ್ದೆವು. ನೆರಳು ನನ್ನ ಪಾಲು. ಆ ಹಾಳೆಗಳು ಒಣಗಿಸುವ ಕಪಾಟಿನಲ್ಲೇ ಉಳಿದವು. ಹುಡುಗಿ ಒಬ್ಬಳೇ ಕ್ಯಾಮೆರಾ ಕೋಣೆಗೆ ಹೋದಳು. ನಿರ್ದೇಶಕ ಕುಜುಮಿಯವರು ಎಲ್ಲರೆದುರು ಕೇಳಿದರು: “ಏನಮ್ಮಾ ಸುಮಿಯೆ, ಹುಡುಗಿ ನೆರಳನ್ನ ಊಟದ ಡಬ್ಬೀಲಿ ಕಟ್ಕೊಂಡ್ ಹೋದ್ಯಾ?”

“ಮರ್ತ್ಹೋಯ್ತು ಸಾರ್” ಎಂದೆ.

ಅವರು ಪರದೆಯನ್ನು ಮತ್ತೊಮ್ಮೆ ನೋಡಿ, “ಹಾಳಾಗ್ಲಿ, ಹಿಂಗೇ ಇರ್ಲಿ” ಎಂದರು. ಅಂದಿನಿಂದ ಸ್ಟುಡಿಯೋದಲ್ಲಿ ನಾನು ಮರೆಗುಳಿ ಸುಮಿಯೆ.

ಈಗ ಆ ಚಿತ್ರವನ್ನು ದುರಸ್ತಿ ಮಾಡುತ್ತಿರುವ ಇವಾಕುರಾ ಅವರು ಇಲ್ಲೇ ಮುಂದಿನ ಸಾಲಿನಲ್ಲಿದ್ದಾರೆ. ಬೆಳಿಗ್ಗೆ ಪ್ರೀತಿಯಿಂದಲೇ ಕೇಳಿದರು: “ಅಮ್ಮಾ, ಆ ನೆರಳಿನ ಬಣ್ಣದ ನಂಬರ್ ನೆನಪಿದ್ಯಾ? ನಿಮ್ಮ ತಪ್ಪನ್ನ ನಾವು ಸರಿಮಾಡಿಬಿಡ್ತೀವಿ.”

ನೆನಪಿಲ್ಲವೇ? ಬೂದು, ಎಂಬತ್ತೊಂದು. ನನ್ನ ತಾಯಿ ಹಿರೋಶಿಮಾದವರು. ಅವರ ತಂಗಿ ಚಿಯೊಗೆ ಒಂಬತ್ತು ವರ್ಷ. ಬಾಂಬು ಬಿದ್ದ ಆ ಬೆಳಿಗ್ಗೆ ಮನೆಯೆದುರಿನ ಕಲ್ಲಿನ ಮೆಟ್ಟಿಲ ಮೇಲೆ ಕುಳಿತಿದ್ದಳಂತೆ. ಅಮ್ಮ ಅಕ್ಕಿ ತೊಳೆಯುತ್ತ ಹೇಳುತ್ತಿದ್ದುದು ಇಷ್ಟೇ: “ಮೆಟ್ಟಿಲ ಮೇಲೆ ನೆರಳು ಉಳ್ಕೊಂಡಿತ್ತು ಕಣೇ. ಹುಡುಗಿ ಇರ್ಲಿಲ್ಲ.”

ಇದು ನಾನು ಬರೆದುಕೊಂಡು ಬಂದ ಚೀಟಿಯಲ್ಲಿಲ್ಲ. ಆದರೆ ಇವಾಕುರಾ ಅವರೇ, ನೆರಳಿನ ನಲವತ್ತೆಂಟು ಹಾಳೆಗಳನ್ನು ಯಾರಾದರೂ ಮರೆಯುತ್ತಾರೆಯೇ? ನಾನು ಮರೆಯಲಿಲ್ಲ. ಬೇಕೆಂದೇ ಬಿಟ್ಟೆ. ಲೋಕವೆಲ್ಲ ಸುಟ್ಟರೂ ಒಂದು ಸಲವಾದರೂ ನೆರಳು ಹೋಗಿ ಹುಡುಗಿ ಉಳಿಯಲಿ ಎಂದು ಬಿಟ್ಟೆ. ನಾನು ಮಾಡಿದ ಕೆಲಸಗಳಲ್ಲೆಲ್ಲ ಒಳ್ಳೆಯದು ಅದೇ.

ದಯವಿಟ್ಟು ಸರಿಮಾಡಬೇಡಿ. ಅವಳು ನಡೆಯುತ್ತಿರಲಿ.

ಹೂವಿಗೂ ನಿಮ್ಮ ಸಹನೆಗೂ ವಂದನೆಗಳು. ನಮಸ್ಕಾರ.