ನಲವತ್ತೊಂದನೇ ಪುಟ

…ಅಲ್ಲಿಗೆ ಮೂವತ್ತೊಂಬತ್ತು ಆಯ್ತು. ನಲವತ್ತನೇ ಪುಟದಲ್ಲಿ ಇರೋದು ನಿನ್ನ ಚೀಲದಲ್ಲಿ ಸಿಕ್ಕಿದ್ದರ ಪಟ್ಟಿ, ಅಷ್ಟೇ. ಗ್ಯಾಸ್ ಸಿಲಿಂಡರ್ ಒಂದು, ಸಣ್ಣದು. ತಾಮ್ರದ ಪೈಪು ಎರಡು ಮೀಟರ್. ಬೆಸುಗೆ ಹಾಕೋ ಸಾಮಾನು. ಆಮೇಲೆ ಗೇಜು… ಗೇಜಿಗೆ ಏನು ಬರೆದಿದ್ದಾರೆ ಕೇಳು, "ಒತ್ತಡ ಅಳೆಯುವ ಅನುಮಾನಾಸ್ಪದ ಸಾಧನ". ಫ್ರಿಜ್ ರಿಪೇರಿ ಮಾಡೋನ ಚೀಲದಲ್ಲಿ ಗೇಜು ಇರದೆ ಇನ್ನೇನು ಪಿಟೀಲು ಇರುತ್ತಾ? ನಗು ಬರಲ್ವಾ ನಿನಗೆ?

ಬೇಡ ಬಿಡು. ಏಳು ವರ್ಷ ಒಳಗಿದ್ದು ಮೊನ್ನೆ ಹೊರಗೆ ಬಂದವನಿಗೆ ಇದರಲ್ಲಿ ನಗೋದು ಏನಿದೆ. ಸುಮ್ಮನೆ ಹೇಳಿದೆ.

ಮುಂದಿನದು ದೊಡ್ಡ ಡಾಕ್ಟರ ಹೇಳಿಕೆ. "ಆಸ್ಪತ್ರೆಯ ಲಸಿಕೆ ಫ್ರಿಜ್ ಕೆಟ್ಟಿದ್ದು ನಿಜ. ಅದರ ನೆಪದಲ್ಲಿ ಸ್ಟೋರ್ ಕೀಪರ್ ಯಾರನ್ನು ಒಳಗೆ ಬಿಟ್ಟುಕೊಳ್ಳುತ್ತಿದ್ದ ಎಂಬುದು ನನಗೆ ತಿಳಿಯದು." ನೋಡು, ಎರಡೇ ಸಾಲಲ್ಲಿ ಕೈ ತೊಳೆದುಕೊಂಡಿದ್ದಾರೆ ಪುಣ್ಯಾತ್ಮರು. ಆ ಸ್ಟೋರ್ ಕೀಪರ್ ಅವರ ಕೈಕೆಳಗೆ ಎಷ್ಟು ವರ್ಷ…

ಏನು? ಬೆರಳು ಯಾಕೆ ಅಲ್ಲಿಟ್ಟೆ?

ಓ. ಪುಟದ ಅಂಕಿ. ಹೌದು, ಇದು ನಲವತ್ತೆರಡು. ಎರಡು ಹಾಳೆ ಒಟ್ಟಿಗೆ ಮಗುಚಿಬಿಟ್ಟೆ ಅಂತ ಕಾಣುತ್ತೆ. ಹಳೇ ಕಾಗದ, ಅಂಟಿಕೊಂಡಿರುತ್ತೆ… ಇಲ್ಲ, ಅಂಟಿಲ್ಲ. ಸರಿ, ಕಣ್ತಪ್ಪು. ನಿನಗೆ ಕಚೇರಿ ಭಾಷೆ ಬರಲ್ಲ ಅನ್ನೋದಷ್ಟೇ ತಲೆಯಲ್ಲಿತ್ತು. ಅಂಕಿ ಬರುತ್ತೆ ಅನ್ನೋದು ಮರೆತೇ ಹೋಗಿತ್ತು.

ಓದ್ತೀನಪ್ಪಾ, ಓದ್ತೀನಿ. ನಾನೇನು ಓದಲ್ಲ ಅಂದೆನಾ? ಬಂದಾಗ ನೀನೇ ಹೇಳಿದೆಯಲ್ಲ, ಸ್ಟೋರ್ ಕೀಪರ್ ಇನ್ನೂ ಒಳಗಿದ್ದಾನೆ, ಇನ್ನೂ ಹದಿಮೂರು ವರ್ಷ ಬಾಕಿ, ಅವನ ಲಾಯರು ಮೇಲಿನ ಕೋರ್ಟಿಗೆ ಹೋಗ್ತಿದ್ದಾರೆ, ಈ ಫೈಲು ಪೂರ್ತಿ ಓದಿ ನಮ್ಮ ಮಾತಲ್ಲಿ ಹೇಳಿ, ಎಲ್ಲೆಲ್ಲಿ ತಪ್ಪಿದೆಯೋ ಅಲ್ಲಿ ಗುರುತು ಹಾಕಿ ಅಂತ. ಅಷ್ಟು ಹೇಳಿ ಬಾಯಿ ಮುಚ್ಚಿದವನು ನೀನು, ಇಷ್ಟು ಹೊತ್ತಾದರೂ ತುಟಿ ಬಿಚ್ಚಿಲ್ಲ. ನೀರು ಕೂಡ ಹಾಗೇ ಇದೆ. ಮುಟ್ಟಿಲ್ಲ.

ನಲವತ್ತೊಂದು. ಫೋನಿನ ಮಾತು. ನಿನ್ನನ್ನು ಹಿಡಿದ ಹಿಂದಿನ ದಿನ ಮಧ್ಯಾಹ್ನ ನೀನು ಸ್ಟೋರ್ ಕೀಪರ್‌ಗೆ ಫೋನ್ ಮಾಡಿದ್ದೆಯಲ್ಲ, ಅದನ್ನು ಕದ್ದು ಕೇಳಿ ಕಚೇರಿ ಭಾಷೆಗೆ ತಿರುಗಿಸಿಕೊಂಡಿದ್ದಾರೆ. ಕೇಳು. "ಸ್ಫೋಟಕ ಸಿದ್ಧವಾಗಿದೆ. ಅನಿಲವನ್ನೂ ತುಂಬಿಸಿದ್ದೇನೆ. ನಾಳೆ ಬೆಳಿಗ್ಗೆ ಜನ ಸೇರುವ ಹೊತ್ತಿಗೆ ಎಲ್ಲರನ್ನೂ ಮುಗಿಸುತ್ತೇನೆ." ಅಷ್ಟೇ. ಮೂರು ಸಾಲು.

ಮೂರು ಸಾಲಿಗೆ ನಿನಗೆ ಏಳು ವರ್ಷ, ಅವನಿಗೆ ಇಪ್ಪತ್ತು. ಯಾವ ತಲೆಕೆಟ್ಟವನು ಮಾಡಿದನೋ ಈ ಅನುವಾದ. "ಸಾಮಾನು ರೆಡಿ ಇದೆ ಅಣ್ಣಾ" ಅಂದರೆ ಸ್ಫೋಟಕ ಅಂತ ಬರೀತಾರಾ ಯಾರಾದರೂ? "ಎಲ್ಲಾ ಮುಗಿಸಿಬಿಡ್ತೀನಿ" ಅಂದರೆ ಕೆಲಸ ಎಲ್ಲಾ ಮುಗಿಸ್ತೀನಿ ಅಂತ. "ಎಲ್ಲಾ" ಅನ್ನೋದನ್ನ "ಎಲ್ಲರನ್ನೂ" ಮಾಡಿಬಿಟ್ಟರೆ ರಿಪೇರಿಯವನು ಕೊಲೆಗಾರ ಆಗ್ತಾನೆ. ಲಾಯರಿಗೆ ಇದನ್ನೇ ಹೇಳು. ನಾನು ಕೆಂಪು ಪೆನ್ನಲ್ಲಿ ಗುರುತು ಹಾಕಿಕೊಡ್ತೀನಿ, ಇಲ್ಲೊಂದು, ಇಲ್ಲೊಂದು…

ಯಾಕೆ ಹಾಗೆ ನೋಡ್ತೀಯ?

ಏನು ಹೇಳಿದೆ ನಾನು ಈಗ? "ಸಾಮಾನು ರೆಡಿ ಇದೆ ಅಣ್ಣಾ"… ಹೌದು. "ಅಣ್ಣಾ" ಅನ್ನೋದು ಈ ಪುಟದಲ್ಲಿ ಇಲ್ಲ. ಸಾಮಾನು ಅನ್ನೋದೂ ಇಲ್ಲ. ನೀನೂ ನನಗೆ ಹೇಳಿಲ್ಲ. ಅದು… ಊಹೆ ಕಣೋ. ನೀನು ಮಾತಾಡೋ ರೀತಿ ನನಗೆ ಗೊತ್ತಿಲ್ವಾ? ಯಾರನ್ನಾದರೂ ಅಣ್ಣಾ ಅಂತಲೇ ಅಲ್ವಾ ನೀನು ಕರೆಯೋದು. ಊಹೆ ಮಾಡಿದೆ.

ಊಹೆ ಅಲ್ಲ.

ಸ್ವಲ್ಪ ಇರು, ಬಾಗಿಲು ಮುಂದೆ ಮಾಡ್ತೀನಿ. ಒಳಗೆ ನನ್ನ ಹೆಂಡತಿ ಬಟ್ಟೆ ಮಡಚ್ತಿದ್ದಾಳೆ. ಅವಳಿಗೆ ಇದು ಗೊತ್ತಿಲ್ಲ.

ನಾನೇ ಕಣೋ. ಈ ಮೂರು ಸಾಲು ಬರೆದವನು ನಾನೇ. ಕೆಳಗೆ ಹೆಸರಿಲ್ಲ, ನೋಡು, "ಅನುವಾದಕ ೩" ಅಂತಷ್ಟೇ ಇದೆ. ಆ ಮೂರನೇ ನಂಬರು ನಾನು. ಬೈಯಬೇಕಾದರೆ ಬೈದುಬಿಡು. ಎದ್ದು ಒಂದು ಕೊಟ್ಟರೂ ಪರವಾಗಿಲ್ಲ.

ಕೇಳು ಹಾಗಾದರೆ. ಬಸ್ ನಿಲ್ದಾಣದಲ್ಲಿ ಬಾಂಬು ಸಿಡೀತಲ್ಲ, ನನ್ನ ಹತ್ತಿರ ಪಾಠಕ್ಕೆ ಬರ್ತಿದ್ದ ಇಬ್ಬರು ಹುಡುಗಿಯರು ಅವತ್ತು ಹೋದರು. ಒಬ್ಬಳ ನೋಟ್‌ಬುಕ್ಕು ನನ್ನ ಮೇಜಿನ ಮೇಲೆ ತಿದ್ದೋಕೆ ಅಂತ ಹಾಗೇ ಇತ್ತು. ಅದಾಗಿ ತಿಂಗಳೊಳಗೆ ಹೊಸ ಕಾನೂನು ಬಂತು, ವಿಶೇಷ ವಿಭಾಗ ಬಂತು. ಹಳೇ ಅಂಚೆ ಕಚೇರಿ ಮೇಲಿನ ಮಹಡಿಗೆ ಕರೆದು ಕೇಳಿದರು, ಎರಡೂ ಭಾಷೆ ಬಲ್ಲವರು ಬೇಕು, ಜನರ ಪ್ರಾಣದ ಪ್ರಶ್ನೆ, ಬರ್ತೀರಾ ಅಂತ. ಬರ್ತೀನಿ ಅಂದೆ. ಆ ಹೊತ್ತಿಗೆ ನೀನಾಗಿದ್ದರೂ ಅದನ್ನೇ ಅಂತಿದ್ದೆ.

ಹೊರದೇಶದಿಂದ ಇಬ್ಬರು ಬಂದು ನಾಲ್ಕು ದಿನ ಪಾಠ ಮಾಡಿದರು. ನಮ್ಮ ಭಾಷೆಯ ಒಂದು ಅಕ್ಷರ ಬರಲ್ಲ ಅವರಿಗೆ. ಬೇರೆ ಯಾವುದೋ ದೇಶಕ್ಕೆ ಮಾಡಿದ ಪಟ್ಟಿ ಹಿಡ್ಕೊಂಡು ಬಂದಿದ್ದರು, ಅದನ್ನೇ ನಮ್ಮ ಮಾತಿಗೆ ತಿರುಗಿಸಿ ಗೋಡೆಗೆ ಅಂಟಿಸಿದರು. ಮದುವೆ ಅಂದರೆ ದಾಳಿ. ಹಣ್ಣು ಅಂದರೆ ಗ್ರೆನೇಡು. ಡಾಕ್ಟರು ಅಂದರೆ ಹಣ ಕೊಡೋನು. ಸಾಮಾನು ಅಂದರೆ ಸ್ಫೋಟಕ. ಪಟ್ಟಿಯಲ್ಲಿರೋ ಮಾತು ಬಂದರೆ ಪಟ್ಟಿಯಲ್ಲಿರೋ ಅರ್ಥವನ್ನೇ ಬರೀಬೇಕು, ಅದು ನಿಯಮ. ಎರಡು ಅರ್ಥ ಬರೋ ಹಾಗಿದ್ದರೆ ಕೆಟ್ಟದ್ದನ್ನೇ ಬರೀಬೇಕು, ಅದೂ ನಿಯಮ. ನಾನು ಕೇಳಿದೆ, ನಮ್ಮಲ್ಲಿ ಎಲ್ಲರೂ ಎಲ್ಲದಕ್ಕೂ ಸಾಮಾನು ಅಂತಲೇ ಅಂತಾರಲ್ಲ ಸರ್ ಅಂತ. ದೊಡ್ಡ ಸಾಹೇಬರು ನಕ್ಕರು. "ನೀವು ಬರೆಯೋದು ಬರೀ ಸುಳಿವು. ಇದು ಕೋರ್ಟಿಗೆ ಹೋಗಲ್ಲ. ನಮ್ಮವರು ಹೋಗಿ ವಿಚಾರಿಸ್ತಾರೆ, ನಿರಪರಾಧಿ ಅಂತಾದರೆ ಸಂಜೆಗೆ ಬಿಟ್ಟು ಕಳಿಸ್ತಾರೆ" ಅಂದರು. ಹೆಗಲ ಮೇಲೆ ಕೈ ಇಟ್ಟು ಹೇಳಿದರು ಆ ಮನುಷ್ಯ. ನಾನು ನಂಬಿದೆ.

ನಂಬಿದ್ದಕ್ಕೆ ಏನು ಮಾಡಿದರು ಗೊತ್ತಾ? ಆ ಸುಳಿವನ್ನೇ ಸಾಕ್ಷಿ ಮಾಡಿದರು. ನಿನ್ನ ಲಾಯರು ಫೋನಿನ ಟೇಪು ಕೊಡಿ ಅಂತ ಕೇಳಿದಾಗ, ಆರು ತಿಂಗಳಿಗೆ ಅಳಿಸೋ ಪದ್ಧತಿ ಅಂದರು. ಉಳಿದಿದ್ದು ನನ್ನ ಹಾಳೆ ಒಂದೇ. ಆಮೇಲೆ ಅನುವಾದಕ್ಕೆ ಮೆಷಿನ್ನು ಬಂತು, ನನ್ನನ್ನೂ ಒಂದು ಪತ್ರ ಕೊಟ್ಟು ಕಳಿಸಿದರು. ಸಾಹೇಬರು ದಾರಿಯಲ್ಲಿ ಸಿಕ್ಕರೆ ಗುರುತು ಹಿಡಿಯೋದಿಲ್ಲ ಈಗ. ನನಗೂ ಮೋಸ ಆಗಿದೆ ಕಣೋ. ನಿನ್ನಷ್ಟಲ್ಲ, ಒಪ್ಪಿಕೊಳ್ತೀನಿ. ಆದರೆ ಆಗಿದೆ.

ದನಿ? ದನಿ ಗುರುತು ಸಿಗಲಿಲ್ವಾ ಅಂತ ಕೇಳ್ತಿದ್ದೀಯ ನೀನು. ಬಾಯಲ್ಲಿ ಕೇಳ್ತಿಲ್ಲ, ಆದರೂ ಕೇಳ್ತಿದ್ದೀಯ. ದಿನಕ್ಕೆ ನೂರು ಜನರ ಮಾತು, ಹರಿದ ಹೆಡ್‌ಫೋನು, ಒಂದು ಕಿವಿ ಕೇಳಿಸಿದರೆ ಇನ್ನೊಂದು ಕಿವಿ ಗೊರಗೊರ… ಸಿಕ್ಕಿತು. ಮೊದಲ ಮಾತಿಗೇ ಸಿಕ್ಕಿತು. "ಹಲೋ" ಅನ್ನೋ ಮೊದಲು ನೀನು ಗಂಟಲು ಸರಿ ಮಾಡ್ಕೊಳ್ತೀಯಲ್ಲ, ಅಷ್ಟರಲ್ಲೇ.

ಗೊತ್ತಿರೋನು ಅಂತ ಹೇಳಬಹುದಿತ್ತು. ಹೇಳಬೇಕಿತ್ತು. ನನ್ನ ಪಕ್ಕದ ಮೇಜಿನಲ್ಲಿ ಒಬ್ಬಳು ಟೈಪಿಸ್ಟ್ ಇದ್ದಳು. ಒಂದು ಹಾಳೆಯ ಅಂಚಲ್ಲಿ, "ಇದು ನಿಜವಾದ ಮದುವೆ ಮಾತುಕತೆ ಅನಿಸುತ್ತದೆ" ಅಂತ ಬರೆದಳು. ನಿನಗೆ ಹೇಗೆ ಗೊತ್ತು, ಆ ಹುಡುಗ ನಿನಗೆ ಏನಾಗಬೇಕು ಅಂತ ಶುರುವಾಯ್ತು. ಮೂರು ದಿನ ಕೆಳಗಿನ ಕೋಣೆಯಲ್ಲಿ ಕೂರಿಸಿದ್ದರು. ನಾಲ್ಕನೇ ದಿನ ಬಂದು ತನ್ನ ಚಪ್ಪಲಿ, ಊಟದ ಡಬ್ಬಿ ತಗೊಂಡು ಹೋದಳು, ಯಾರ ಮುಖವನ್ನೂ ನೋಡಲಿಲ್ಲ. ಅದಾಗಿ ಹದಿನೈದು ದಿನಕ್ಕೆ ನಿನ್ನ ಫೋನು ಬಂದಿದ್ದು. ನಾನು ಹೆದರಿದೆ. ಬರೆದುಬಿಟ್ಟೆ.

ಇಷ್ಟೇ. ಬಚ್ಚಿಟ್ಟಿದ್ದೆಲ್ಲ ಹೊರಗೆ ಹಾಕಿದೆ. ಪಟ್ಟಿ ನೋಡಿ ತಪ್ಪು ಅರ್ಥ ಬರೆದೆ, ನಿನ್ನ ದನಿ ಅಂತ ಗೊತ್ತಿದ್ದೂ ಬರೆದೆ. ಇನ್ನೇನಿಲ್ಲ.

ಬೆರಳು ತೆಗಿ ಅಲ್ಲಿಂದ.

ಮೂರನೇ ಸಾಲಿನ ಕೆಳಗೆ ಏನೂ ಇಲ್ಲ. ಖಾಲಿ ಜಾಗ. ಅಲ್ಲಿ ಬೆರಳಿಟ್ಟುಕೊಂಡು ಕೂತರೆ ನಾನು ಏನು ಓದಲಿ? ಫೋನು ಅಲ್ಲಿಗೇ ಕಟ್ಟಾಯ್ತು ಅಂತ ತಾನೆ ಬರೆದಿರೋದು. "ಸಂಭಾಷಣೆ ಮುಕ್ತಾಯ." ನೋಡು.

ಇದನ್ನ ಮೊದಲೇ ಯಾರ ಹತ್ತಿರವೋ ಓದಿಸಿದ್ದೀಯ ನೀನು.

ಜೈಲಲ್ಲಿ ಕಚೇರಿ ಭಾಷೆ ಬಲ್ಲವರು ಇದ್ದೇ ಇರ್ತಾರೆ. ಓದಿಸಿದ್ದೀಯ, ಒಂದಲ್ಲ ಹತ್ತು ಸಲ ಓದಿಸಿದ್ದೀಯ. ಮೂರೇ ಸಾಲಿದೆ, ನೀನು ಆಡಿದ್ದು ನಾಲ್ಕು ಮಾತು, ಆ ನಾಲ್ಕನೇದು ಎಲ್ಲಿ ಹೋಯ್ತು ಅಂತ ಯೋಚನೆ ಮಾಡಿದ್ದೀಯ. ಅದೊಂದೇ ಮಾತು ಯಾರಿಗೆ ಬೇಡವಾಗಿತ್ತು ಅಂತ ಯೋಚನೆ ಮಾಡಿದ್ದೀಯ. ಇಷ್ಟು ಹೊತ್ತು ನಾನು ಪುಟ ಹಾರಿಸಿದ್ದು, ಊಹೆ ಅಂದಿದ್ದು, ನನಗೂ ಮೋಸ ಆಯ್ತು ಅಂದಿದ್ದು… ಎಲ್ಲ ಕೇಳಿಸ್ಕೊಂಡು ಸುಮ್ಮನೆ ಕೂತಿದ್ದೀಯ. ಅದನ್ನು ನಾನಾಗೇ ಹೇಳ್ತೀನಾ ಅಂತ ನೋಡೋಕೆ.

"ಅಲ್ಲಿಂದ ಹಾಗೇ ಮೇಷ್ಟ್ರ ಮನೆಗೆ ಹೋಗ್ತೀನಿ, ಅವರ ಮನೆ ಫ್ರಿಜ್ಜೂ ತಣ್ಣಗಾಗ್ತಿಲ್ಲವಂತೆ, ಉಳಿದ ಗ್ಯಾಸಲ್ಲಿ ಅದನ್ನೂ ಸರಿ ಮಾಡ್ತೀನಿ."

ಇದೇ ಅಲ್ವಾ?

ಊರಲ್ಲಿ ನನ್ನನ್ನ ಮೇಷ್ಟ್ರು ಅಂತಿದ್ದವನು ನೀನೊಬ್ಬನೇ. ಬೇರೆಯವರೆಲ್ಲ ಟ್ಯೂಷನ್ನಿನವರು ಅಂತಿದ್ದರು. ಗೇಜು ಓದೋಕೆ ನಾಲ್ಕು ಅಂಕಿ ಹೇಳಿಕೊಟ್ಟಿದ್ದಕ್ಕೆ ಮೇಷ್ಟ್ರು ಮಾಡಿಬಿಟ್ಟೆ ನನ್ನ.

"ಫ್ರಿಜ್ಜೂ" ಅಂದಿದ್ದೆ ನೀನು. ಅದೊಂದು "ಊ" ಸಾಕಾಗಿತ್ತು. ಅವರ ಮನೆ ಫ್ರಿಜ್ಜೂ ಅಂದರೆ, ಮೊದಲು ಹೇಳಿದ್ದೂ ಫ್ರಿಜ್ಜಿನ ಮಾತೇ ಅಂತ ಎಂಥ ಜಡ್ಜಿಗೂ ತಿಳೀತಿತ್ತು. ನನಗೆ ಅದು ಅವತ್ತೇ ತಿಳೀತು. ತಿಳಿದೇ ಆ ಸಾಲು ಬಿಟ್ಟೆ. ಬರೆದರೆ ಮೇಷ್ಟ್ರು ಯಾರು ಅಂತ ಕೇಳ್ತಾರೆ, ಸಂಜೆಗೆ ನಮ್ಮ ಬಾಗಿಲಿಗೆ ಜೀಪು ಬರುತ್ತೆ. ಅದಕ್ಕೆ "ಸಂಭಾಷಣೆ ಮುಕ್ತಾಯ" ಅಂತ ಬರೆದು ಮನೆಗೆ ಬಂದೆ. ಇವಳು ಕೇಳಿದಳು, ಮೆಕ್ಯಾನಿಕ್ಕಿಗೆ ನಾಳೆ ಬರೋಕೆ ಇನ್ನೊಂದು ಸಲ ಹೇಳಿ, ಹಾಲೆಲ್ಲ ಕೆಡ್ತಿದೆ ಅಂತ. ಫೋನು ಕೈಯಲ್ಲೇ ಇತ್ತು. ಮಾಡಿದ್ದರೆ ನೀನು ಬೆಳಿಗ್ಗೆ ಆಸ್ಪತ್ರೆ ಗೇಟಿಗೆ ಹೋಗ್ತಿರಲಿಲ್ಲ. ಮಾಡಲಿಲ್ಲ.

ಆಮೇಲೆ ದಿನಾ ಕಾಯ್ತಿದ್ದೆ. ನಿನಗೆ ಹೊಡೀತಾರೆ, ಬಾಯಿ ಬಿಡಿಸ್ತಾರೆ, ನನ್ನ ಮಾತು ಬಂದೇ ಬರುತ್ತೆ ಅಂತ. ಬರಲಿಲ್ಲ. ಕೋರ್ಟಲ್ಲೂ ಬರಲಿಲ್ಲ. ಟೇಪಿನಲ್ಲಿ ಎಲ್ಲಾ ಇದೆ ಸ್ವಾಮಿ, ಅದನ್ನೇ ಕೇಳಿ ಅಂತ ಅಷ್ಟೇ ಹೇಳ್ತಿದ್ದೆಯಂತೆ. ಯಾರ ಹೆಸರು ಎತ್ತಿದರೂ ಅವರನ್ನ ಎಳ್ಕೊಂಡು ಬರ್ತಾರೆ, ಮೇಷ್ಟ್ರು ಯಾಕೆ ಸಿಕ್ಕಿಹಾಕಿಕೊಳ್ಳಬೇಕು ಅಂತ ಬಾಯಿ ಕಟ್ಟಿ ಕೂತೆ ನೀನು. ನಾನು ಅದನ್ನೇ ಅದೃಷ್ಟ ಅಂದ್ಕೊಂಡು ಊಟ ಮಾಡ್ತಿದ್ದೆ.

ಏನಿದು? ಖಾಲಿ ಹಾಳೆ. ಲಾಯರು ಕೊಟ್ಟಿದ್ದಾ?

ಆ ಮಹಡಿಯ ಮೇಲೆ ಕೇಳಿದ್ದನ್ನ ಹೊರಗೆ ಹೇಳಿದರೆ ಹತ್ತು ವರ್ಷ ಅಂತ ಇದೇ ಕಾನೂನಲ್ಲೇ ಇದೆ. ಸೇರುವಾಗ ಸಹಿ ಹಾಕಿಸಿಕೊಂಡಿದ್ದಾರೆ. ನಿನಗೆ ಗೊತ್ತಿರಲಿ ಅಂತ ಹೇಳಿದೆ… ಇಲ್ಲ, ನಿನಗೆ ಯಾಕೆ ಗೊತ್ತಿರಬೇಕು. ಆ ಸ್ಟೋರ್ ಕೀಪರ್ ಮುಖವನ್ನೂ ನಾನು ನೋಡಿಲ್ಲ. ಹದಿಮೂರು ವರ್ಷ ಅಂದೆ ಅಲ್ವಾ? ಪೆನ್ನು ಈ ಕಡೆ ಕೊಡು. ಕೆಂಪಲ್ಲ, ಅದು.

"ವಿಶೇಷ ವಿಭಾಗದಲ್ಲಿ ಮೂರನೇ ಅನುವಾದಕನಾಗಿದ್ದ ನಾನು…" ಹೀಗೆ ಶುರು ಮಾಡ್ತೀನಿ. ಮೂರು ಸಾಲನ್ನೂ ನೀನು ಆಡಿದ ಹಾಗೇ ಬರೀತೀನಿ. ಪಟ್ಟಿಯ ವಿಷಯ, ಕೆಟ್ಟ ಅರ್ಥವನ್ನೇ ಬರೀಬೇಕು ಅನ್ನೋ ನಿಯಮ, ಎಲ್ಲಾ ಬರೀತೀನಿ. ಕೊನೆಗೆ ಬಿಟ್ಟಿದ್ದು.

ಆ ಸಾಲು ಅಕ್ಷರ ತಪ್ಪದೆ ಇರಬೇಕು. ಈಗಲಾದರೂ ಒಂದು ಮಾತು ಹೇಳು. "ಮೇಷ್ಟ್ರ ಮನೆಗೆ ಹೋಗ್ತೀನಿ" ಅಂದಿದ್ದೆಯಾ, "ನಮ್ಮ ಮೇಷ್ಟ್ರ ಮನೆಗೆ" ಅಂದಿದ್ದೆಯಾ?

ಹೇಳು.

ಆಯ್ತು. ಹೇಳಬೇಡ. ನನಗೆ ನೆನಪಿದೆ. ಈಗ ಹೇಳುವಾಗಲೂ ನಾನು ಅದನ್ನ ಬಿಟ್ಟೇ ಹೇಳಿದೆ. "ನಮ್ಮ" ಅಂತಲೇ ಅಂದಿದ್ದೆ ನೀನು.